ಬದುವಿನ ಮೇಲಿನ ಹಿಕ್ಕೆ ಯಾರದು? ನಮ್ಮ ಹೊಲಗಳಿಗೆ ಬರುವ ಕಾಡುಪ್ರಾಣಿಗಳನ್ನು ಗುರುತಿಸುವ ಬಗೆ



ಕಬ್ಬಿನ ಕಟಾವು ಶುರುವಾದರೆ ಸಾಕು, ಸೊಲ್ಲಾಪುರ ಮತ್ತು ಅಕ್ಕಲಕೋಟ ಕಡೆಯ ಮೊಬೈಲುಗಳಲ್ಲಿ ಒಂದೇ ಸುದ್ದಿ ಓಡಾಡುತ್ತದೆ: "ನಮ್ಮೂರಾಗ ಬಿಬಟ್ಯಾ ಬಂದೈತಿ!" ಜೊತೆಗೆ ಎಲ್ಲಿಯದೋ ಒಂದು ಚಿರತೆಯ ಫೋಟೋ. ರಾತ್ರಿ ನೀರು ಹಾಯಿಸಲು ಹೋಗುವವರು ಹೆದರುತ್ತಾರೆ. ಕುರಿಹಟ್ಟಿಯವರು ನಿದ್ದೆ ಬಿಡುತ್ತಾರೆ. ಒಂದೆರಡು ದಿನಗಳಲ್ಲಿ ಯಾರೋ ಕೋಲು ಹಿಡಿದು ಹೊರಡುತ್ತಾರೆ, ಇನ್ಯಾರೋ ಸತ್ತ ಕುರಿಗೆ ವಿಷ ಸವರಿ ಇಡುತ್ತಾರೆ.

ಈ ಭಯಕ್ಕೆ ಕಾರಣವೇ ಇಲ್ಲ ಎಂದು ನಾವು ಹೇಳುವುದಿಲ್ಲ. ನಮ್ಮ ಜಿಲ್ಲೆಯ ಕರಮಾಳಾ ತಾಲೂಕಿನಲ್ಲಿ ಜನರನ್ನು ಕೊಂದ ಚಿರತೆಯನ್ನು 2020ರ ಡಿಸೆಂಬರಿನಲ್ಲಿ ಗುಂಡಿಟ್ಟು ಕೊಲ್ಲಬೇಕಾಯಿತು. 2024ರ ಕೊನೆಯಲ್ಲಿ ದೂರದ ಯವತ್ಮಾಳ ಜಿಲ್ಲೆಯ ಟಿಪೇಶ್ವರದಿಂದ ಒಂದು ಹುಲಿ ನಡೆದು ಯಡಶಿ, ಬಾರ್ಶಿ ಕಡೆಗೇ ಬಂದಿತ್ತು. ಆದರೆ ಇಂಥವು ಅಪರೂಪ. ನಮ್ಮ ಹೊಲಗಳಲ್ಲಿ ರಾತ್ರಿ ತಿರುಗಾಡುವವರಲ್ಲಿ ಹೆಚ್ಚಿನವರು ನರಿ, ತೋಳ, ಕತ್ತೆಕಿರುಬ, ಕಾಡುಬೆಕ್ಕು, ಮುಳ್ಳುಹಂದಿ ಮತ್ತು ಊರನಾಯಿಗಳು. ಒಂದೊಂದರ ಸ್ವಭಾವ ಒಂದೊಂದು ತೆರ. ಯಾರು ಬಂದಿದ್ದರು ಎಂದು ತಿಳಿದರೆ ಏನು ಮಾಡಬೇಕು ಎಂಬುದೂ ತಿಳಿಯುತ್ತದೆ.

ಪ್ರಾಣಿಯನ್ನು ಕಂಡವರು ಇರುವುದಿಲ್ಲ. ಹೆಜ್ಜೆ ನೋಡೋಣವೆಂದರೆ ನಮ್ಮ ಮಡ್ಡಿ ನೆಲ ಕಲ್ಲಿನಂಥದ್ದು, ಅದರ ಮೇಲೆ ಹೆಜ್ಜೆ ಮೂಡುವುದೇ ಇಲ್ಲ. ಎರೆ ಹೊಲದಲ್ಲಿ ಮಳೆಗಾಲಕ್ಕೆ ಹೆಜ್ಜೆ ಹೂತುಹೋಗಿ ಆಕಾರ ಕೆಡುತ್ತದೆ, ಬೇಸಗೆಯಲ್ಲಿ ನೆಲವೇ ಬಿರುಕು ಬಿಟ್ಟಿರುತ್ತದೆ. ಉಳಿಯುವ ಗುರುತೆಂದರೆ ಪ್ರಾಣಿ ಬಿಟ್ಟುಹೋದ ಹಿಕ್ಕೆ. ಅದನ್ನು ಓದುವ ಬಗೆಯನ್ನು ಈ ಲೇಖನದಲ್ಲಿ ತಿಳಿಸಿದ್ದೇವೆ. ಮೂಗು ಮುಚ್ಚಿಕೊಳ್ಳಬೇಡಿ. ಕುರುಬರ ಹಟ್ಟಿಯ ಹಿರಿಯರಿಗೆ ಇದು ಮೊದಲಿನಿಂದ ಗೊತ್ತಿರುವ ವಿದ್ಯೆಯೇ.

ಹೆಂಡಿ, ಲದ್ದಿ, ಹಿಕ್ಕೆ

ಮೊದಲ ಪಾಠ ನಮ್ಮ ಮಾತಿನಲ್ಲೇ ಇದೆ. ಎಮ್ಮೆ ಹಾಕುವುದು ಹೆಂಡಿ ಅಥವಾ ಸಗಣಿ. ಕುದುರೆ, ಕತ್ತೆ, ಆನೆ ಹಾಕುವುದು ಲದ್ದಿ. ಆಡು, ಕುರಿ, ಮೊಲ, ಇಲಿ ಹಾಕುವುದು ಹಿಕ್ಕೆ. ನಮ್ಮ ಮರಾಠಿ ನೆರೆಹೊರೆಯವರಲ್ಲೂ ಇದೇ ಮೂರು ಭಾಗ: ಶೇಣ, ಲೀದ, ಲೇಂಡಿ. ಹೆಂಡಿಗೆ ಯಾರೂ ಹಿಕ್ಕೆ ಎನ್ನುವುದಿಲ್ಲ, ಲದ್ದಿಗೆ ಸಗಣಿ ಎನ್ನುವುದಿಲ್ಲ. ಆಕಾರ ನೋಡಿ ಪ್ರಾಣಿಯನ್ನು ಹೇಳುವ ಕ್ರಮವನ್ನು ಎರಡೂ ಭಾಷೆಗಳು ಬಹಳ ಹಿಂದೆಯೇ ಮಾಡಿಟ್ಟಿವೆ.

ಈ ಆಕಾರಗಳಿಗೆ ಕಾರಣವೂ ಇದೆ. ದನ, ಎಮ್ಮೆ ಹೆಚ್ಚು ನೀರು ಕುಡಿಯುತ್ತವೆ, ಸಗಣಿಯಲ್ಲಿ ಬಹಳ ನೀರು ಹೊರಗೆ ಹೋಗುತ್ತದೆ. ಆಡು, ಕುರಿ, ಚಿಗರಿಗಳು ಒಣನಾಡಿನ ಜೀವಿಗಳು. ಅವುಗಳ ಕರುಳು ಕೊನೆಯವರೆಗೂ ನೀರನ್ನು ಹೀರಿಕೊಳ್ಳುತ್ತದೆ, ಉಳಿದದ್ದು ಗಟ್ಟಿ ಗುಳಿಗೆಯಾಗಿ ಬೀಳುತ್ತದೆ. ಕುದುರೆ, ಕತ್ತೆಗಳು ಮೆಲುಕು ಹಾಕುವುದಿಲ್ಲ. ಅದಕ್ಕೇ ಲದ್ದಿಯನ್ನು ಒಡೆದು ನೋಡಿದರೆ ಹುಲ್ಲಿನ ಎಳೆಗಳು ಕಣ್ಣಿಗೆ ಕಾಣುವಷ್ಟು ಉದ್ದವಾಗಿ ಉಳಿದಿರುತ್ತವೆ.

ಮಾಂಸ ತಿನ್ನುವ ಪ್ರಾಣಿಗಳದು ಈ ಮೂರಕ್ಕೂ ಸೇರದ ಆಕಾರ. ಉದ್ದವಾಗಿ, ಉರುಳೆಯಂತೆ, ತುದಿ ಚೂಪಾಗಿ ಇರುತ್ತದೆ. ಒಳಗೆ ಕೂದಲು, ಎಲುಬಿನ ಚೂರು ಸಿಗುತ್ತವೆ. ಹೀಗಾಗಿ ಏನು ಕಂಡರೂ ಮೊದಲು ಕೇಳಿಕೊಳ್ಳಬೇಕಾದ ಪ್ರಶ್ನೆ: ಇದರಲ್ಲಿ ಹುಲ್ಲಿನ ನಾರಿದೆಯೋ, ಕೂದಲು-ಎಲುಬು ಇದೆಯೋ, ಹಣ್ಣಿನ ಬೀಜ ಮತ್ತು ಹುಳುಗಳ ರೆಕ್ಕೆ ಇದೆಯೋ? ಅರ್ಧ ಉತ್ತರ ಅಲ್ಲೇ ಸಿಕ್ಕಿತು.

ಸೊಪ್ಪು-ಹುಲ್ಲು ತಿನ್ನುವವರು

ಚಿಗರಿ. ಪುಸ್ತಕದಲ್ಲಿ ಕೃಷ್ಣಮೃಗ, ಮರಾಠಿಯಲ್ಲಿ ಕಾಳವೀಟ. ಸೊಲ್ಲಾಪುರದಿಂದ ಬಾರ್ಶಿ ರಸ್ತೆಯಲ್ಲಿ ಸುಮಾರು 20 ಕಿ.ಮೀ. ಹೋದರೆ ಸಿಗುವ ನಾನ್ನಜದ ಮಾಳದಲ್ಲಿ ಇವುಗಳ ಹಿಂಡುಗಳಿವೆ. ಎರ್ಲಡ್ಡು ಹಕ್ಕಿಗಾಗಿ, ಎಂದರೆ ಮಾಳಢೋಕ್‌ಗಾಗಿ, 1979ರಲ್ಲಿ ಘೋಷಿಸಿದ ಅಭಯಾರಣ್ಯ ಅದು. ಚಿಗರಿಯ ಹಿಕ್ಕೆ ಕಡಲೆಕಾಳಿಗಿಂತ ಸ್ವಲ್ಪ ಉದ್ದ, ಕಪ್ಪು, ಒಂದು ತುದಿ ಚೂಪು, ಇನ್ನೊಂದು ತುದಿಯಲ್ಲಿ ಸಣ್ಣ ಗುಳಿ. ಒಂದೊಂದನ್ನೇ ಕೈಯಲ್ಲಿ ಹಿಡಿದರೆ ಆಡಿನ ಹಿಕ್ಕೆಗೂ ಇದಕ್ಕೂ ವ್ಯತ್ಯಾಸ ಹೇಳುವುದು ಕಷ್ಟ. ವ್ಯತ್ಯಾಸ ಕಾಣುವುದು ಬಿದ್ದಿರುವ ರೀತಿಯಲ್ಲಿ. ಆಡು, ಕುರಿ ನಡೆಯುತ್ತಲೇ ಉದುರಿಸುತ್ತವೆ, ಹಿಂಡು ಹೋದ ದಾರಿಯುದ್ದಕ್ಕೂ ಚೆಲ್ಲಿರುತ್ತದೆ. ಗಂಡು ಚಿಗರಿ ಮಾತ್ರ ತನ್ನ ಗಡಿ ಗುರುತಿಸಲು ಮತ್ತೆ ಮತ್ತೆ ಅದೇ ಜಾಗಕ್ಕೆ ಬಂದು ಹಾಕುತ್ತದೆ. ಬಯಲಿನ ನಡುವೆ ಹಳೆಯದು, ಹೊಸದು ಎಲ್ಲ ಸೇರಿ ಗುಡ್ಡೆಯಾಗಿದ್ದರೆ, ಅದು ಚಿಗರಿಯ ಗಡಿಕಲ್ಲು ಎಂದು ತಿಳಿಯಿರಿ.

ಈ ಗುಡ್ಡೆಗಳ ಸುತ್ತ ಬಳ್ಳಾರಿ ಜಾಲಿಯ ಸಸಿಗಳು ಎದ್ದಿರುವುದನ್ನೂ ನೋಡಬಹುದು. ಮರಾಠಿಯಲ್ಲಿ ವೇಡಿ ಬಾಭೂಳ ಎನ್ನುವ ಈ ಗಿಡದ ಸಿಹಿ ಕಾಯಿಗಳನ್ನು ಚಿಗರಿ ತಿನ್ನುತ್ತದೆ, ಬೀಜ ಜೀರ್ಣವಾಗದೆ ಹೊರಬೀಳುತ್ತದೆ. ಹುಲ್ಲಿನ ಮಾಳವನ್ನು ಜಾಲಿ ನುಂಗುತ್ತಿರುವುದರಲ್ಲಿ, ಪಾಪ, ಹುಲ್ಲನ್ನೇ ನಂಬಿದ ಚಿಗರಿಯ ಪಾಲೂ ಇದೆ.

ಚಿಂಕಾರಾ. ಚಿಗರಿಗಿಂತ ಚಿಕ್ಕದು, ಹಿಕ್ಕೆಯೂ ಚಿಕ್ಕದು. ಇದಕ್ಕೂ ಒಂದೇ ಜಾಗದಲ್ಲಿ ಹಾಕುವ ಅಭ್ಯಾಸವಿದೆ. ಆದರೆ ತೆರೆದ ಬಯಲಿಗಿಂತ ಕುರುಚಲು ಗಿಡ, ಹಳ್ಳದ ದಿಬ್ಬ ಇದಕ್ಕೆ ಹೆಚ್ಚು ಇಷ್ಟ. ಬಾಗಲಕೋಟೆ ಜಿಲ್ಲೆಯ ಯಡಹಳ್ಳಿಯಲ್ಲಿ ಚಿಂಕಾರಾಗಳಿಗೆಂದೇ ಒಂದು ಧಾಮವಿದೆ. ಆ ಕಡೆ ನೆಂಟರಿರುವ ಸದಸ್ಯರು ಒಮ್ಮೆ ನೋಡಿ ಬರಬಹುದು.

ಮೊಲ. ಇದರ ಹಿಕ್ಕೆ ಗುಂಡಗೆ, ಎರಡೂ ಕಡೆ ಸ್ವಲ್ಪ ಒತ್ತಿದಂತೆ ಚಪ್ಪಟೆ. ಬಣ್ಣ ಒಣಹುಲ್ಲಿನದು. ಪುಡಿ ಮಾಡಿದರೆ ಬರೀ ನಾರು. ಆಡಿನ ಹಿಕ್ಕೆಗಿಂತ ಹಗುರ. ಹೊಲದ ಬದುವಿನ ಮೇಲೆ ಹತ್ತಿಪ್ಪತ್ತು ಒಟ್ಟಿಗೆ ಬಿದ್ದಿರುತ್ತವೆ. ಮೊಲ ಎರಡು ಬಗೆಯ ಹಿಕ್ಕೆ ಹಾಕುತ್ತದೆ. ಮೆತ್ತಗಿನ ಮೊದಲ ಬಗೆಯನ್ನು ತಾನೇ ಮತ್ತೆ ತಿಂದು, ಉಳಿದ ಸತ್ವವನ್ನೂ ತೆಗೆದುಕೊಳ್ಳುತ್ತದೆ. ನಮ್ಮ ಕಣ್ಣಿಗೆ ಬೀಳುವುದು ಎರಡನೆಯ ಒಣ ಬಗೆ ಮಾತ್ರ.

ಮುಳ್ಳುಹಂದಿ. ಮರಾಠಿಯಲ್ಲಿ ಸಾಳಿಂದರ. ಇದರದು ಒಣ ಖರ್ಜೂರದ ಆಕಾರದ ಉದ್ದನೆಯ ಗುಳಿಗೆಗಳು. ಕೆಲವೊಮ್ಮೆ ನಾರಿನಿಂದ ಒಂದಕ್ಕೊಂದು ಪೋಣಿಸಿದಂತೆ ಅಂಟಿಕೊಂಡಿರುತ್ತವೆ. ಗೆಡ್ಡೆ, ತೊಗಟೆ ತಿನ್ನುವುದರಿಂದ ಒಳಗೆ ಒರಟು ನಾರು ಇರುತ್ತದೆ. ಹತ್ತಿರದಲ್ಲಿ ಒಂದು ಮುಳ್ಳು ಬಿದ್ದಿದ್ದರೆ ಅನುಮಾನವೇ ಇಲ್ಲ. ಒಂದು ಮಾತು ನೆನಪಿಡಿ: ಮುಳ್ಳುಹಂದಿ ಒಣ ಎಲುಬನ್ನು ತಂದು ಬಿಲದ ಬಳಿ ಕಡಿಯುತ್ತದೆ. ಬಿಲದ ಬಾಯಲ್ಲಿ ಎಲುಬು ಕಂಡಿತೆಂದು ಅದನ್ನು ತೋಳದ ಗುಹೆ ಎಂದು ಹೊಗೆ ಹಾಕಬೇಡಿ.

ಕಾಡುಹಂದಿ. ಒಂದಕ್ಕೊಂದು ಒತ್ತಿಕೊಂಡ ಮುದ್ದೆಗಳು. ಜೋಳ, ಕಬ್ಬಿನ ಸಿಪ್ಪೆ, ಬೇರು ಎಲ್ಲ ಬೆರೆತಿರುತ್ತವೆ. ಹತ್ತಿರದ ನೆಲ ಉತ್ತಂತೆ ಕೆದರಿರುತ್ತದೆ. ಆದ್ದರಿಂದ ಹಿಕ್ಕೆಗಿಂತ ಮೊದಲು ಹಾನಿಯೇ ಇದರ ಗುರುತು ಹೇಳುತ್ತದೆ.

ಮಾಂಸ ತಿನ್ನುವವರು

ಗೊಂದಲ ಹೆಚ್ಚಿರುವುದು ಇಲ್ಲಿ. ಆದ್ದರಿಂದ ನಿಧಾನವಾಗಿ ನೋಡೋಣ.

ತೋಳ. ಮರಾಠಿಯಲ್ಲಿ ಲಾಂಡಗಾ. ನಮ್ಮ ದಖ್ಖನಿನ ತೋಳವನ್ನು ವಿಜ್ಞಾನದ ಲೋಕಕ್ಕೆ 1831ರಲ್ಲಿ ಪರಿಚಯಿಸಿದವರು ಕರ್ನಲ್ ಸೈಕ್ಸ್. ಕಾಡಿಲ್ಲದ, ಹುಲ್ಲು ಮತ್ತು ಜೋಳದ ಹೊಲಗಳ ಈ ನಾಡೇ ಅದರ ಮನೆ. ತೋಳದ ಮಲ ಸುಮಾರು ಹೆಬ್ಬೆರಳಿನಷ್ಟು ದಪ್ಪ, ಗೇಣಿನ ಹತ್ತಿರ ಉದ್ದ, ತುದಿಯಲ್ಲಿ ಕೂದಲು ಹುರಿ ಹೊಸೆದಂತೆ ಚೂಪಾಗಿರುತ್ತದೆ. ಒಳಗೆ ಕುರಿಯ ಉಣ್ಣೆ, ಆಡಿನ ಅಥವಾ ಚಿಗರಿಯ ಕೂದಲು, ಎಲುಬಿನ ಚೂರು. ತೋಳ ಇದನ್ನು ಮರೆಯಲ್ಲಿ ಹಾಕುವುದಿಲ್ಲ. ಬಂಡಿದಾರಿ, ಎರಡು ಕಾಲುದಾರಿ ಕೂಡುವ ಜಾಗ, ಬದುವಿನ ತುದಿ, ಹೀಗೆ ಬೇರೆ ತೋಳಗಳ ಕಣ್ಣಿಗೆ, ಮೂಗಿಗೆ ಬೀಳುವಲ್ಲಿ ಬೇಕೆಂದೇ ಹಾಕುತ್ತದೆ. "ಈ ಸೀಮೆ ನಮ್ಮದು" ಎಂಬ ಬೋರ್ಡು ಅದು.

ಊರನಾಯಿ. ತೋಳಕ್ಕೂ ನಾಯಿಗೂ ಆಕಾರ ಒಂದೇ. ಎರಡೂ ಒಂದೇ ಕುಲದವು. ಆದರೆ ಊರನಾಯಿ ತಿನ್ನುವುದು ಭಕ್ಕರಿ, ಅನ್ನ, ಎಂಜಲು. ಅದರ ಮಲದಲ್ಲಿ ಕೂದಲು ಕಡಿಮೆ, ಹಿಟ್ಟಿನಂಥ ನಯ, ನಡುವೆ ಪ್ಲಾಸ್ಟಿಕ್ ಚೂರು, ದಾರ. ಒಣಗಿದರೆ ಪುಡಿಯಾಗುತ್ತದೆ. ತೋಳದ್ದು ಒಣಗಿದರೂ ಕೂದಲಿನ ಹಗ್ಗದಂತೆ ಉಳಿಯುತ್ತದೆ. ಇಲ್ಲೊಂದು ಎಚ್ಚರಿಕೆ ಬೇಕು. ಊರ ಹೊರಗಿನ ಸತ್ತ ದನ ತಿಂದ ನಾಯಿಯ ಮಲದಲ್ಲೂ ಕೂದಲು ಇರುತ್ತದೆ. ಒಂದೇ ಒಂದು ಮಲ ನೋಡಿ "ತೋಳವೇ" ಎಂದು ಹೇಳಬಾರದು. ಊರಿಂದ ದೂರ, ದಾರಿ ಕೂಡುವಲ್ಲಿ, ಬೇರೆ ಬೇರೆ ದಿನಗಳದು ಮೂರು-ನಾಲ್ಕು ಸಿಕ್ಕರೆ ಆಗ ಮಾತಿಗೆ ಬಲ ಬರುತ್ತದೆ.

ಗುಳ್ಳೆನರಿ ಮತ್ತು ಸಣ್ಣನರಿ. ನಾವು ಎರಡಕ್ಕೂ ನರಿ ಎಂದೇ ಕರೆದುಬಿಡುತ್ತೇವೆ. ಮರಾಠಿಯಲ್ಲಿ ಬೇರೆ ಬೇರೆ: ಊಳಿಡುವ ಗುಳ್ಳೆನರಿ ಕೋಲ್ಹಾ, ಬಾಲದ ತುದಿ ಕಪ್ಪಾಗಿರುವ ಸಣ್ಣನರಿ ಖೋಕಡ. ಗುಳ್ಳೆನರಿಯ ಮಲ ತೋಳದ್ದಕ್ಕಿಂತ ತೆಳು. ಚಳಿಗಾಲದಲ್ಲಿ ಅದರ ತುಂಬ ಬಾರಿಹಣ್ಣಿನ ಬೀಜ. ಇಲಿಯ ಕೂದಲು, ಕಬ್ಬಿನ ನಾರು, ಹಕ್ಕಿಯ ಪುಕ್ಕ ಎಲ್ಲವೂ ಇರಬಹುದು. ಕಲ್ಲಿನ ಮೇಲೆ, ಹುಲ್ಲಿನ ಕುಚ್ಚಿನ ಮೇಲೆ ಎತ್ತರದಲ್ಲಿ ಹಾಕುವುದು ಇದರ ಚಾಳಿ. ಸಣ್ಣನರಿಯದು ಇನ್ನೂ ಚಿಕ್ಕದು, ಕಿರುಬೆರಳಿನಷ್ಟು ದಪ್ಪ. ಬಿಸಿಲಿಗೆ ಹಿಡಿದರೆ ಜೀರುಂಡೆಯ ರೆಕ್ಕೆ, ಮಿಡತೆಯ ಕಾಲು ಮಿನುಗುತ್ತವೆ. ಬಿಲದ ಸುತ್ತಮುತ್ತ ಹೆಚ್ಚು ಸಿಗುತ್ತದೆ. ಹೊಲದ ಇಲಿ, ಹುಳು ತಿನ್ನುವ ಈ ಜೀವಿ ರೈತನಿಗೆ ಕೂಲಿ ಕೇಳದ ಆಳು. ಕುರಿ ಹೋಯಿತೆಂದು ಇದರ ಬಿಲ ಮುಚ್ಚುವುದು ಅನ್ಯಾಯ.

ಕತ್ತೆಕಿರುಬ. ಮರಾಠಿಯಲ್ಲಿ ತರಸ. ಇದನ್ನು ಗುರುತಿಸುವುದು ಎಲ್ಲಕ್ಕಿಂತ ಸುಲಭ. ಬಿಳಿ ಸುಣ್ಣದ ಉಂಡೆಗಳಂಥ ಮಲ ಕಂಡರೆ ಮೊದಲ ಅನುಮಾನ ಇದರ ಮೇಲೆಯೇ. ಈ ಪ್ರಾಣಿ ಎಲುಬನ್ನೇ ಅಗಿದು ಅರಗಿಸುತ್ತದೆ. ಎಲುಬಿನ ಕ್ಯಾಲ್ಸಿಯಂ ಹೊರಬಂದು ಒಣಗಿದಾಗ ಬೆಳ್ಳಗಾಗುತ್ತದೆ. ಒಂದೇ ಜಾಗದಲ್ಲಿ ಪದೇ ಪದೇ ಹಾಕುವುದರಿಂದ ಇಂಥ ಬಿಳಿ ಉಂಡೆಗಳ ರಾಶಿಯೇ ಸಿಗುತ್ತದೆ. ಎಲುಬು ಹೆಚ್ಚು ತಿಂದ ನಾಯಿಯದೂ ಬಿಳಿಯಾಗಬಹುದು, ಆದರೆ ಅದು ರಾಶಿಯಾಗಿರುವುದಿಲ್ಲ, ದುಂಡು ತುಂಡುಗಳಾಗಿಯೂ ಇರುವುದಿಲ್ಲ. ಕತ್ತೆಕಿರುಬ ಬಹುಮಟ್ಟಿಗೆ ಸತ್ತದ್ದನ್ನು ತಿನ್ನುವ ಪ್ರಾಣಿ. ಊರ ಹೊರಗೆ ಎಸೆದ ಸತ್ತ ದನವನ್ನು ವಾಸನೆ ಹುಟ್ಟುವ ಮೊದಲೇ ಮುಗಿಸಿ ಹೋಗುವ ಜಾಡಮಾಲಿ. ನೋಡಲು ಚಂದವಿಲ್ಲ ಎಂಬುದೇ ಅದರ ಮೇಲಿನ ದೊಡ್ಡ ಅಪರಾಧ.

ಚಿರತೆ. ಬೆಕ್ಕಿನ ಕುಲದವರ ಮಲ ಹಲವು ಗಂಟುಗಳಾಗಿ, ನಡುನಡುವೆ ಹಿಸುಕಿದಂತೆ ಇರುತ್ತದೆ. ಚಿರತೆಯದು ತೋಳದಷ್ಟೇ ದಪ್ಪ, ಕೆಲವೊಮ್ಮೆ ಇನ್ನೂ ದಪ್ಪ. ಒಳಗೆ ಕೂದಲು, ಎಲುಬು ತುಂಬಿರುತ್ತವೆ. ನಾಯಿಗಳನ್ನು ಹಿಡಿಯುವುದು ಚಿರತೆಯ ಅಭ್ಯಾಸ, ಆದ್ದರಿಂದ ನಾಯಿಯ ಕೂದಲೂ ಸಿಗಬಹುದು. ನೋಡಬೇಕಾದ ಇನ್ನೊಂದು ಗುರುತು: ದಾರಿಯ ಮಣ್ಣನ್ನು ಹಿಂಗಾಲಿನಿಂದ ಉದ್ದಕ್ಕೆ ಕೆರೆದ ಗೆರೆ, ಅದರ ಹತ್ತಿರ ಮಲ. ಇದರ ಜೊತೆಗೆ ಮೆತ್ತನೆ ಮಣ್ಣಿನಲ್ಲಿ ಉಗುರಿನ ಗುರುತಿಲ್ಲದ ದುಂಡು ಹೆಜ್ಜೆ ಸಿಕ್ಕರೆ ಸುಮ್ಮನಿರದೆ ಅರಣ್ಯ ಇಲಾಖೆಗೆ ತಿಳಿಸಬೇಕು. ನಾಯಿ, ತೋಳ, ಕತ್ತೆಕಿರುಬಗಳ ಹೆಜ್ಜೆಯಲ್ಲಿ ಉಗುರು ಮೂಡುತ್ತದೆ.

ಕಾಡುಬೆಕ್ಕು, ಪುನುಗುಬೆಕ್ಕು, ಮುಂಗುಸಿ. ಕಾಡುಬೆಕ್ಕಿನದು ಚಿರತೆಯದರ ಚಿಕ್ಕ ನಕಲು, ಒಳಗೆ ಇಲಿಯ ಕೂದಲು. ಪುನುಗುಬೆಕ್ಕು ಹಣ್ಣು ತಿನ್ನುತ್ತದೆ. ವಾಡೆಯ ಗೋಡೆ, ಬಂಡೆ, ಮಾಳಿಗೆಯ ಮೇಲೆ ಬರೀ ಬೀಜಗಳನ್ನೇ ಅಂಟಿಸಿದಂಥ ಮಲ ಕಂಡರೆ ಅದರದೇ ಇರಬೇಕು. ಮುಂಗುಸಿಯದು ತೆಳ್ಳಗೆ, ಹುರಿ ತಿರುಚಿದಂತೆ ಇರುತ್ತದೆ. ಹುಳುವಿನ ಚಿಪ್ಪು, ಇಲಿಯ ಕೂದಲು ಕಾಣುತ್ತವೆ.

ಹಿಕ್ಕೆಯಂತೆ ಕಂಡರೂ ಬೇರೆ

ಹಳೆಯ ವಾಡೆಗಳಲ್ಲಿ, ಗುಡಿಯ ಮೂಲೆಗಳಲ್ಲಿ ಹೆಬ್ಬೆರಳಿನ ಗಾತ್ರದ ಬೂದುಬಣ್ಣದ ಉಂಡೆಗಳು ಸಿಗುತ್ತವೆ. ಒಡೆದರೆ ಇಡೀ ಇಲಿಯ ತಲೆಬುರುಡೆ, ಹಲ್ಲು ಸಮೇತ! ಇದು ಮಲವಲ್ಲ. ಗೂಗೆ ಇಲಿಯನ್ನು ಇಡಿಯಾಗಿ ನುಂಗಿ, ಅರಗದ ಕೂದಲು-ಎಲುಬನ್ನು ಬಾಯಿಂದಲೇ ಉಗುಳಿದ ಉಂಡೆ. ಗೂಗೆಯ ಹಿಕ್ಕೆ ಬೇರೆ, ಅದು ಗೋಡೆಯ ಮೇಲೆ ಸುಣ್ಣ ಚೆಲ್ಲಿದಂತೆ ಇಳಿದಿರುತ್ತದೆ.

ಇಲಿಯ ಹಿಕ್ಕೆಗೂ ಬಾವಲಿಯ ಹಿಕ್ಕೆಗೂ ಗೊಂದಲವಾಗುತ್ತದೆ. ಒಣಗಿದ್ದನ್ನು ಕಡ್ಡಿಯಿಂದ ಒತ್ತಿ ನೋಡಿ. ಇಲಿಯದು ಗಟ್ಟಿ. ಹುಳು ತಿನ್ನುವ ಬಾವಲಿಯದು ಮಿರುಗುವ ಪುಡಿಯಾಗುತ್ತದೆ. ಹಲ್ಲಿ, ಉಡಗಳ ಹಿಕ್ಕೆಯ ಒಂದು ತುದಿಯಲ್ಲಿ ಬಿಳಿ ಟೊಪ್ಪಿಗೆ ಇರುತ್ತದೆ. ಅದು ಒಣಗಿದ ಮೂತ್ರ. ಹಕ್ಕಿಗಳ ಹಿಕ್ಕೆಯಲ್ಲಿನ ಬಿಳಿಯೂ ಅದೇ.

ಎಷ್ಟು ಹಳೆಯದು?

"ಯಾರು" ಎಂಬುದರಷ್ಟೇ "ಯಾವಾಗ" ಎಂಬುದೂ ಮುಖ್ಯ. ಹೊಸದರ ಮೇಲೆ ತೇವದ ಹೊಳಪು, ನೊಣ, ವಾಸನೆ ಇರುತ್ತವೆ. ಬೇಸಗೆಯ ಬಿಸಿಲಿಗೆ ಮೇಲ್ಪದರ ಒಂದೇ ದಿನದಲ್ಲಿ ಒಣಗುತ್ತದೆ, ಆದರೆ ಮುರಿದರೆ ಒಳಗೆ ಇನ್ನೂ ಹಸಿ ಇರುತ್ತದೆ. ಒಳಗೂ ಒಣಗಿ, ಬಣ್ಣ ಮಾಸಿ, ಬಿರುಕು ಬಿಟ್ಟಿದ್ದರೆ ಹಳೆಯದು. ಬೇಸಗೆಯಲ್ಲಿ ವಾರಗಟ್ಟಲೆ ಉಳಿಯುವುದು ಮಳೆಗಾಲದಲ್ಲಿ ಬೇಗ ಮಾಯವಾಗುತ್ತದೆ. ಮಳೆ ತೊಳೆಯುತ್ತದೆ, ಸಗಣಿಹುಳುಗಳು ಉರುಳಿಸಿಕೊಂಡು ಹೋಗುತ್ತವೆ. ಆದ್ದರಿಂದ ಈ ವಿದ್ಯೆ ಕಲಿಯಲು ದೀಪಾವಳಿಯಿಂದ ಯುಗಾದಿಯವರೆಗಿನ ಕಾಲ ಚೆನ್ನ. ನಿನ್ನೆ ರಾತ್ರಿ ಕುರಿ ಹೋಗಿದ್ದರೆ, ಹದಿನೈದು ದಿನದ ಹಿಂದಿನ ಮಲ ತೋರಿಸಿ ಅದರ ಮೇಲೆ ಆರೋಪ ಹೊರಿಸಲಾಗದು.

ವಿಜ್ಞಾನಿಗಳು ಮಾಡುವುದೇನು?

ನಮ್ಮ ಜಿಲ್ಲೆಯ ತೋಳಗಳ ಬಗ್ಗೆ ಗೊತ್ತಿರುವುದರಲ್ಲಿ ಬಹಳಷ್ಟು ಮಲದಿಂದಲೇ ಗೊತ್ತಾದದ್ದು. ಸತೀಶ್ ಕುಮಾರ್ ಮತ್ತು ಅಸದ್ ರಹಮಾನಿ ಅವರು ನಾನ್ನಜದ ಸುತ್ತಮುತ್ತ ತೋಳಗಳನ್ನು ಅಧ್ಯಯನ ಮಾಡಿ 1997 ಮತ್ತು 2000ರಲ್ಲಿ ಮುಂಬಯಿಯ ಬಿ.ಎನ್.ಎಚ್.ಎಸ್. ಸಂಸ್ಥೆಯ ಪತ್ರಿಕೆಯಲ್ಲಿ ಬರೆದರು. ಮಲದ ಪರೀಕ್ಷೆಯ ಕ್ರಮ ಸರಳ. ಮಲವನ್ನು ಜರಡಿಯಲ್ಲಿ ತೊಳೆಯುತ್ತಾರೆ. ಉಳಿದ ಕೂದಲನ್ನು ಸೂಕ್ಷ್ಮದರ್ಶಕದಲ್ಲಿ ನೋಡುತ್ತಾರೆ. ಕೂದಲಿನ ಹೊರಗಿನ ಹುರುಪೆಯ ವಿನ್ಯಾಸ, ಒಳಗಿನ ತಿರುಳಿನ ಆಕಾರ ಪ್ರಾಣಿಯಿಂದ ಪ್ರಾಣಿಗೆ ಬೇರೆ. ಆಡು ಯಾವುದು, ಚಿಗರಿ ಯಾವುದು, ಮೊಲ ಯಾವುದು ಎಂದು ಹೇಳಿಬಿಡಬಹುದು. ಇಲ್ಲಿನ ತೋಳಗಳು ಆಡು-ಕುರಿಗಳ ಜೊತೆಗೆ ಚಿಗರಿ, ಮೊಲ, ಇಲಿಗಳನ್ನೂ ತಿನ್ನುತ್ತವೆ ಎಂಬುದು ಇಂಥ ಪರೀಕ್ಷೆಗಳಿಂದ ತಿಳಿಯುತ್ತದೆ. ಚಿಗರಿ, ಮೊಲ ಉಳಿದರೆ ಹಟ್ಟಿಯ ಮೇಲಿನ ಭಾರ ಕಡಿಮೆಯಾಗುತ್ತದೆ ಎಂಬ ಪಾಠ ಇದರಲ್ಲಿದೆ.

ಇನ್ನೂ ಮುಂದಿನ ಹೆಜ್ಜೆ ಡಿ.ಎನ್.ಎ. ಪರೀಕ್ಷೆ. ಮಲದ ಹೊರಪದರಕ್ಕೆ ಪ್ರಾಣಿಯ ಕರುಳಿನ ಜೀವಕೋಶಗಳು ಅಂಟಿರುತ್ತವೆ. ಅವುಗಳಿಂದ ಯಾವ ಜಾತಿ, ಗಂಡೋ ಹೆಣ್ಣೋ, ಯಾವ ಒಂದು ಪ್ರಾಣಿ ಎಂಬುದನ್ನೂ ಹೇಳಬಹುದು. ಹೈದರಾಬಾದಿನ ಸಿ.ಸಿ.ಎಂ.ಬಿ., ಬೆಂಗಳೂರಿನ ಎನ್.ಸಿ.ಬಿ.ಎಸ್.ನಂಥ ಸಂಸ್ಥೆಗಳಲ್ಲಿ ಈ ಕೆಲಸ ನಡೆಯುತ್ತದೆ. ಪುಣೆಯ ಸುತ್ತಲಿನ ಮಾಳಗಳಲ್ಲಿ ತೋಳ ಮತ್ತು ನಾಯಿಯ ಬೆರಕೆ ಪ್ರಾಣಿಗಳಿವೆ ಎಂಬುದು 2023ರಲ್ಲಿ ಪ್ರಕಟವಾದ ವಂಶವಾಹಿ ಅಧ್ಯಯನದಿಂದ ಖಚಿತವಾಯಿತು. ಊರನಾಯಿಗಳ ಸಂಖ್ಯೆ ಏರುತ್ತಿರುವ ನಮ್ಮ ಕಡೆಗೂ ಇದು ಚಿಂತೆಯ ಮಾತು. ತೋಳವನ್ನು ಕೊಲ್ಲದೆಯೂ ಅದರ ಕುಲ ಕರಗಿಹೋಗಬಹುದು.

ಕುರಿ ಹೋದಾಗ

ಈಗ ಲೇಖನದ ಮುಖ್ಯ ಮಾತಿಗೆ ಬಂದೆವು. ಕುರಿ ಹೋದ ಮನೆಯ ನೋವು ದೊಡ್ಡದು. ಎರಡು ಕುರಿ ಎಂದರೆ ಎಷ್ಟೋ ಮನೆಗಳಲ್ಲಿ ಮಗಳ ಶಾಲೆಯ ವರ್ಷದ ಖರ್ಚು. ಕಾಡುಪ್ರಾಣಿಯಿಂದ ಸಾಕುಪ್ರಾಣಿ ಸತ್ತರೆ ಮಹಾರಾಷ್ಟ್ರದ ಅರಣ್ಯ ಇಲಾಖೆ ಪರಿಹಾರ ಕೊಡುತ್ತದೆ. ಹುಲಿ, ಚಿರತೆಗಳ ಜೊತೆಗೆ ತೋಳ, ತರಸ, ಕೋಲ್ಹಾ ಕೂಡ ಪಟ್ಟಿಯಲ್ಲಿವೆ. ಊರನಾಯಿ ಇಲ್ಲ, ಏಕೆಂದರೆ ಅದು ಕಾಡುಪ್ರಾಣಿಯಲ್ಲ. ಆದ್ದರಿಂದ ಪಂಚನಾಮೆಗೆ ಬಂದವರ ಮುಂದೆ ಸರಿಯಾದ ಗುರುತು ತೋರಿಸಬೇಕಾಗುತ್ತದೆ. ಚಿರತೆಯೇ ಬಂದಿತ್ತು ಎಂದು ಹಟ ಹಿಡಿದು, ಗುರುತುಗಳೆಲ್ಲ ತೋಳದ್ದಾಗಿದ್ದರೆ ನಮ್ಮ ಮಾತೇ ಸಡಿಲವಾಗುತ್ತದೆ. ತೋಳ ಎಂದು ಹೇಳಿದರೆ ಪರಿಹಾರ ಸಿಗುವುದಿಲ್ಲ ಎಂಬ ತಪ್ಪು ತಿಳುವಳಿಕೆ ಬೇಡ.

ಮಾಡಬೇಕಾದದ್ದು ಇಷ್ಟು:

ಸತ್ತ ಪ್ರಾಣಿಯನ್ನು ಜಾಗದಿಂದ ಸರಿಸಬೇಡಿ. ಹೂಳಬೇಡಿ, ಮಾರಬೇಡಿ.

ಗಾಯದ, ಹೆಜ್ಜೆಯ, ಹಿಕ್ಕೆಯ ಫೋಟೋ ತೆಗೆಯಿರಿ. ಪಕ್ಕದಲ್ಲಿ ಒಂದು ಬೆಂಕಿಪೊಟ್ಟಣ ಅಥವಾ ನಾಣ್ಯ ಇಟ್ಟರೆ ಅಳತೆ ತಿಳಿಯುತ್ತದೆ.

48 ಗಂಟೆಯೊಳಗೆ ಹತ್ತಿರದ ಅರಣ್ಯ ಸಿಬ್ಬಂದಿಗೆ ತಿಳಿಸಿ. ಮಹಾರಾಷ್ಟ್ರದಲ್ಲಿ ಅರಣ್ಯ ಇಲಾಖೆಯ ಸಹಾಯವಾಣಿ 1926. ಅಫಜಲಪುರ, ಆಳಂದ, ಇಂಡಿ ಕಡೆಯ ಸದಸ್ಯರಿಗೆ ಕರ್ನಾಟಕದ ಅರಣ್ಯ ಸಹಾಯವಾಣಿಯೂ ಇದೇ ಸಂಖ್ಯೆ.

ಹೆಣಕ್ಕೆ ವಿಷ ಹಾಕಬೇಡಿ. ಆ ವಿಷ ಕುರಿ ಹಿಡಿದ ತೋಳಕ್ಕಷ್ಟೇ ತಗಲುವುದಿಲ್ಲ. ತರಸ, ನರಿ, ಹದ್ದು, ಹಟ್ಟಿಯ ಕಾವಲುನಾಯಿ ಎಲ್ಲವೂ ಸಾಯುತ್ತವೆ. 1972ರ ವನ್ಯಜೀವಿ ಸಂರಕ್ಷಣಾ ಕಾಯ್ದೆಯ ಒಂದನೇ ಪಟ್ಟಿಯಲ್ಲಿ ತೋಳ, ಚಿಗರಿ, ಚಿರತೆ ಮೂರೂ ಇವೆ. ಕೊಂದವರಿಗೆ ಜೈಲು ಖಂಡಿತ.

ಗಾಯವನ್ನೂ ನೋಡಿ. ಚಿರತೆ ಸಾಮಾನ್ಯವಾಗಿ ಗಂಟಲು ಹಿಡಿದು ಕೊಂದು, ಮರೆಗೆ ಎಳೆದೊಯ್ಯುತ್ತದೆ. ನಾಯಿಗಳ ಗುಂಪು ಕಂಡಕಂಡಲ್ಲಿ ಕಚ್ಚುತ್ತದೆ, ಹಲವು ಕುರಿಗಳನ್ನು ಗಾಯ ಮಾಡಿ ತಿನ್ನದೆ ಬಿಟ್ಟು ಹೋಗುತ್ತದೆ. ಗಾಯ, ಹೆಜ್ಜೆ, ಹಿಕ್ಕೆ ಮೂರೂ ಒಂದೇ ಮಾತು ಹೇಳಿದರೆ ಅದನ್ನು ನಂಬಬಹುದು. ಎರಡು ಒಂದು ಕಡೆ, ಮೂರನೆಯದು ಇನ್ನೊಂದು ಕಡೆ ಇದ್ದರೆ ಅರಣ್ಯ ಸಿಬ್ಬಂದಿಗೆ ಬಿಡಿ.

ಮುಟ್ಟಬೇಡಿ, ಮೂಸಬೇಡಿ

ನಾಯಿ, ನರಿ, ತೋಳಗಳ ಮಲದಲ್ಲಿ ಲಾಡಿಹುಳುವಿನ ಮೊಟ್ಟೆಗಳಿರಬಹುದು. ಅವು ಮನುಷ್ಯರ ಹೊಟ್ಟೆ ಸೇರಿದರೆ ಯಕೃತ್ತಿನಲ್ಲಿ, ಶ್ವಾಸಕೋಶದಲ್ಲಿ ನೀರಿನ ಗಂಟುಗಳಾಗುತ್ತವೆ. ಒಣಗಿದ್ದೆಂದು ಬರಿಗೈಯಲ್ಲಿ ಪುಡಿ ಮಾಡಬೇಡಿ. ಎರಡು ಕಡ್ಡಿಗಳಿಂದ ಬಿಡಿಸಿ ನೋಡಿ, ಗಾಳಿಗೆ ಎದುರಾಗಿ ಕೂರಬೇಡಿ, ಆಮೇಲೆ ಸಾಬೂನಿನಿಂದ ಕೈ ತೊಳೆಯಿರಿ. ಮಕ್ಕಳು ಜೊತೆಗಿದ್ದರೆ ಅವರು ನೋಡಲಿ, ಬರೆಯಲಿ, ಫೋಟೋ ತೆಗೆಯಲಿ. ಮುಟ್ಟುವುದು ಬೇಡ. ನೋಡಿದ ಮೇಲೆ ಅಲ್ಲಿಯೇ ಬಿಡಿ, ಅದು ಆ ಪ್ರಾಣಿಯ ಗಡಿಕಲ್ಲು.

ಒಂದೇ ನೋಟಕ್ಕೆ

ಕಪ್ಪು ಗುಳಿಗೆಗಳ ಗುಡ್ಡೆ, ಬಯಲಿನ ನಡುವೆ: ಚಿಗರಿ.
ಚಪ್ಪಟೆ ದುಂಡು, ಒಣಹುಲ್ಲಿನ ಬಣ್ಣ: ಮೊಲ.
ಖರ್ಜೂರದಂಥ, ನಾರಿನಿಂದ ಪೋಣಿಸಿದ್ದು: ಮುಳ್ಳುಹಂದಿ.
ಕೂದಲಿನ ಹಗ್ಗ, ದಾರಿ ಕೂಡುವಲ್ಲಿ: ತೋಳ.
ನಯ, ಹಿಟ್ಟು, ಪ್ಲಾಸ್ಟಿಕ್ ಚೂರು: ಊರನಾಯಿ.
ಬಾರಿಹಣ್ಣಿನ ಬೀಜ, ಕಲ್ಲಿನ ಮೇಲೆ: ಗುಳ್ಳೆನರಿ.
ಕಿರುಬೆರಳಿನ ದಪ್ಪ, ಹುಳುವಿನ ರೆಕ್ಕೆ: ಸಣ್ಣನರಿ.
ಸುಣ್ಣದ ಉಂಡೆಗಳ ರಾಶಿ: ಕತ್ತೆಕಿರುಬ.
ಗಂಟುಗಂಟು, ಪಕ್ಕದಲ್ಲಿ ಕೆರೆದ ಗೆರೆ: ಚಿರತೆ ಇರಬಹುದು. 1926ಕ್ಕೆ ಕರೆ ಮಾಡಿ.

ಕೊನೆಯದಾಗಿ ಸದಸ್ಯರಲ್ಲಿ ಒಂದು ವಿನಂತಿ. ನಿಮ್ಮೂರಿನ ಕನ್ನಡ ಶಾಲೆಯ ಮಕ್ಕಳ ಜೊತೆ ಒಂದು ಮುಂಜಾನೆ ಬದುವಿನ ಮೇಲೆ ನಡೆಯಿರಿ. ಕಂಡದ್ದನ್ನು ಬರೆದಿಡಿ. ಬರೆಯುವಾಗ ಆ ಪ್ರಾಣಿಗೆ ನಿಮ್ಮ ಮನೆಯ ಹಿರಿಯರು ಏನನ್ನುತ್ತಾರೆ ಎಂಬುದನ್ನೂ ಕೇಳಿ ಸೇರಿಸಿ. ಮೈಂದರ್ಗಿಯಲ್ಲಿ ಹೇಳುವ ಹೆಸರು ಮಂದ್ರೂಪದಲ್ಲಿ ಬೇರೆ ಇರಬಹುದು, ದುಧನಿಯದು ಇನ್ನೂ ಬೇರೆ. ಮಕ್ಕಳಿಗೆ ಈಗ ಬಿಬಟ್ಯಾ, ಲಾಂಡಗಾ ಗೊತ್ತು. ಸಿಂಹ, ಹುಲಿಗಳ ಹೆಸರು ಪಾಠದಲ್ಲಿ ಬರುತ್ತವೆ. ಆದರೆ ಸಣ್ಣನರಿ, ಕತ್ತೆಕಿರುಬ, ಚಿಗರಿ ಎಂಬ ಮಾತುಗಳು ಹಟ್ಟಿಯ ಅಜ್ಜಂದಿರ ಬಾಯಲ್ಲಿ ಮಾತ್ರ ಉಳಿದಿವೆ. ಹೆಸರು, ಊರು, ಫೋಟೋ ಮೂರನ್ನೂ ನಮಗೆ ಕಳಿಸಿದರೆ ಈ ಪುಟದಲ್ಲಿ ಪ್ರಕಟಿಸುತ್ತೇವೆ. ಗುರುತು ಸಿಗದ ಫೋಟೋ ಇದ್ದರೂ ಕಳಿಸಿ, ಬಲ್ಲವರನ್ನು ಕೇಳಿ ತಿಳಿಸುತ್ತೇವೆ. ಅಲ್ಲಿಯವರೆಗೆ, ಮೊಬೈಲಿನಲ್ಲಿ ಚಿರತೆಯ ಫೋಟೋ ಬಂದರೆ ಮುಂದಕ್ಕೆ ಕಳಿಸುವ ಮೊದಲು ಒಮ್ಮೆ ಹೊಲಕ್ಕೆ ಹೋಗಿ ನೆಲ ನೋಡಿ ಬನ್ನಿ.